ಸಹಿ ಹಾಕಲಿಲ್ಲ

ಇವಳೇ,

ನೀನು ಸ್ನಾನಕ್ಕೆ ಹೋದಾಗ ಬರೆದಿಟ್ಟು ಹೊರಟಿದ್ದೇನೆ. ಹಾಲು ಕಾಯಿಸಿದೆ. ಮೋಟಾರ್ ಹಾಕಬೇಡ, ತೊಟ್ಟಿ ತುಂಬಿದೆ.

ನಿನ್ನೆ ನಮ್ಮ ನೀರು ಸರಬರಾಜು ಕಚೇರಿಯ ಮ್ಯಾನೇಜರ್ ಕೊಟ್ಟುಹೋದ ಕಾಗದವನ್ನು ಪೂರ್ತಿ ಓದಿದೆ. ಕೇಸು ವಾಪಸ್ ತೆಗೆದುಕೊಂಡರೆ, ಪಂಪ್‌ಹೌಸಿನಲ್ಲಿ ನಾನು ದಿನಗೂಲಿಯಾಗಿ ದುಡಿದ ಒಂಬತ್ತು ವರ್ಷವನ್ನೂ ಪಿಂಚಣಿಗೆ ಸೇರಿಸುತ್ತಾರಂತೆ. ಆದರೆ ನನ್ನೊಬ್ಬನಿಗೆ ಮಾತ್ರ. ಜೊತೆಗೆ ಕೇಸು ಹಾಕಿದ ಆರು ಜನರ ಸುದ್ದಿಯೇ ಇಲ್ಲ. ಆಗ ಹಾಜರಿ ಪುಸ್ತಕ ಬರೆಯುತ್ತಿದ್ದವನು ನಾನು. ನನ್ನ ಸಾಕ್ಷಿ ತಪ್ಪಿದರೆ ಅವರ ಕೇಸು ನೆಲಕಚ್ಚುತ್ತದೆ.

ಆ ಆರು ಜನರಲ್ಲಿ ತೀರಿಕೊಂಡವನು, ನೀರಿನ ವಾಲ್ವ್ ತಿರುಗಿಸುತ್ತಿದ್ದ ನಮ್ಮ ವಾಲ್ವ್ ಅಣ್ಣ; ಅವನ ಹೆಂಡತಿ ನಿನ್ನೆ ಫೋನಿನಲ್ಲಿ, "ಅವರಂತೂ ಹೋದ್ರು. ನೀವಿದ್ದೀರಲ್ಲ, ಅದೇ ಧೈರ್ಯ" ಅಂದರು.

ಕಾಗದ ಹಿಂದಿರುಗಿಸಿ, ಅಲ್ಲಿಂದಲೇ ಕೋರ್ಟಿಗೆ, ಇವತ್ತಿನ ವಿಚಾರಣೆಗೆ ಹೋಗುತ್ತೇನೆ. ಬಟ್ಟೆ ನಾನು ಬಂದು ಒಣಹಾಕುತ್ತೇನೆ, ನೀನು ಮೆಟ್ಟಿಲು ಹತ್ತಬೇಡ. ಆ ಪಿಂಚಣಿ ದುಡ್ಡಿಲ್ಲದೆ ನಿನ್ನ ಮಂಡಿ ಆಪರೇಷನ್ ಮತ್ತೆ ಮುಂದೆ ಹೋಗುತ್ತದೆ, ಗೊತ್ತು.

ನಿನ್ನನ್ನು ಒಂದು ಮಾತು ಕೇಳದೆ ತೀರ್ಮಾನ ಮಾಡಿದ್ದು ತಪ್ಪೇ. ಕೇಳಿದ್ದರೆ, "ಸಹಿ ಹಾಕಬೇಡಿ" ಎಂದು ನೀನೇ ಹೇಳುತ್ತಿದ್ದೆ. ಆಮೇಲೆ ಆ ನೋವನ್ನು ತುಟಿ ಬಿಚ್ಚದೆ ನುಂಗುತ್ತಿದ್ದೆ. ಈಗಲಾದರೆ ನೋವಾದಾಗಲೆಲ್ಲ ನನ್ನನ್ನು ಬೈಯಬಹುದು.