ಗೋದಿ ಇಲ್ಲದ ಬಿಸ್ಕೀಟು

18 ಮಾರ್ಚ್, ಮಂಗಳವಾರ

ಬೆಳಿಗ್ಗೆ ಜೋಳದ ರೊಟ್ಟಿ ಒಂದೂವರೆ, ಹೆಸರುಕಾಳು ಪಲ್ಯ. ಮಧ್ಯಾಹ್ನ ಅನ್ನ, ಸಾರು. ಹೊಟ್ಟೆನೋವು ಇಲ್ಲ. ತೂಕ ಹತ್ತೊಂಬತ್ತು ಕಿಲೋ.

ಅಮೃತಾ ತಿಂದದ್ದನ್ನೆಲ್ಲ ಬರೆದಿಡು ಎಂದು ಕೊಪ್ಪಳದ ಡಾಕ್ಟರಮ್ಮ ಹೇಳಿ ಏಳು ತಿಂಗಳು. ತಪ್ಪಿಸಬೇಡ ಅಂದಿದ್ದರು. ಒಮ್ಮೊಮ್ಮೆ ತಪ್ಪುತ್ತದೆ. ಬರೆಯಲು ಕೂತರೆ ಬೇರೆಯದೂ ಬರುತ್ತದೆ…

ಅಕ್ಕ ಕಸ್ತೂರೆಮ್ಮ ತೀರಿಕೊಂಡ ಮೇಲೆ ಈ ಮನೆಗೆ ಬಂದೆ. ಅವಳ ಗಂಡನಿಗೇ ನನ್ನನ್ನು ಕೊಟ್ಟರು. ಅಕ್ಕನ ಮಗಳು ಅಮೃತಾ ಬಡಕಲಾಗಿದ್ದಾಳೆ, ಗಟ್ಟಿಯಾಗಲಿ ಅಂತ ರೊಟ್ಟಿ ಬಿಡಿಸಿ ದಿನಾ ಚಪಾತಿ ಕೊಟ್ಟೆ, ತುಪ್ಪ ಹಚ್ಚಿ. ತಿಂದಷ್ಟೂ ಸೊರಗಿದಳು. ಎರಡು ವರ್ಷ. ಗೋದಿಯೇ ಅವಳಿಗೆ ಆಗುವುದಿಲ್ಲ ಅಂತ ಯಾರಿಗೆ ಗೊತ್ತಿತ್ತು? ಮಲತಾಯಿ ಉಪವಾಸ ಕೆಡವುತ್ತಾಳೆ ಅಂದರು ಓಣಿಯವರು. ಉಪವಾಸ ಕೆಡವಿದ್ದರೆ ಒಳ್ಳೆಯದಿತ್ತೇನೋ. ನಾನು ಉಣಿಸಿದೆ.

ಈಗ ಎಂಟು ವರ್ಷದವಳು. ನನ್ನ ಕೈಯಿಂದ ಏನು ತೆಗೆದುಕೊಂಡರೂ ಮೊದಲು ಕೇಳುತ್ತಾಳೆ — "ಇದರಾಗ ಗೋದಿ ಐತೇನ ಚಿಗವ್ವಾ?" ಒಮ್ಮೆ ನೀರು ಕೊಟ್ಟಾಗಲೂ ಕೇಳಿದಳು.

20 ಮಾರ್ಚ್, ಗುರುವಾರ

ಮೊನ್ನೆ ಜಡೆ ಹಾಕುವಾಗ ಅಮೃತಾ ಅಂದದ್ದು ತಲೆಯಿಂದ ಹೋಗುತ್ತಿಲ್ಲ. "ಸಾಲ್ಯಾಗ ಎಲ್ಲಾರೂ ಕ್ರೀಮ್ ಬಿಸ್ಕೀಟ ಬಿಡಿಸಿ ನೆಕ್ಕತಾರ. ನಾ ನೋಡಕೋತ ಕುಂದರತೀನಿ." ಬೇಕು ಅನ್ನಲಿಲ್ಲ. ಅಂದಿದ್ದರೆ ಬೈದು ಸುಮ್ಮನಾಗಿಸಬಹುದಿತ್ತು.

ಓಟ್ಸಿನಲ್ಲಿ ಮಾಡುವುದನ್ನು ಮೊಬೈಲಿನಲ್ಲಿ ನೋಡಿದ್ದೇನೆ. ಇವರು ದಾಳಿಂಬೆ ಗಾಡಿ ತೆಗೆದುಕೊಂಡು ಹುಬ್ಬಳ್ಳಿಗೆ ಹೋದವರು ಒಂದು ಪಾಕೀಟು ತಂದರು. ಎಲ್ಲ ಓಟ್ಸೂ ಆಗುವುದಿಲ್ಲ, ಗೋದಿ ಸೋಕಿಲ್ಲ ಅನ್ನುವ ಈ ಗುರುತು ಇದ್ದದ್ದೇ ಬೇಕು ಅಂತ ಡಾಕ್ಟರಮ್ಮ ಇಂಗ್ಲಿಷಿನಲ್ಲಿ ಬರೆದುಕೊಟ್ಟ ಚೀಟಿ ಇತ್ತು. ಆರನೇ ಇಯತ್ತೆಗೆ ಸಾಲಿ ಬಿಟ್ಟವಳು ನಾನು. ಚೀಟಿ ಪಕ್ಕಕ್ಕಿಟ್ಟುಕೊಂಡು ಒಂದೊಂದೇ ಅಕ್ಷರ ತಾಳೆ ನೋಡಿದೆ. ಮೂರು ಸಲ.

"ಪರೀಕ್ಷಾ ಬರಿಯಾಕ ಕುಂತಿಯೇನ? ಬಿಸ್ಕೀಟ ಅದು," ಅಂದರು ಇವರು.

ಹಿಡಿಯಷ್ಟು ಜೋಳದ ಹಿಟ್ಟೂ ಬೇಕು. ಮನೆಯಲ್ಲೇ ಬೀಸಿದೆ. ಗಿರಣಿಯಲ್ಲಿ ನಮಗಿಂತ ಮೊದಲು ಯಾರದೋ ಗೋದಿ ಬಿದ್ದಿರುತ್ತದೆ.

22 ಮಾರ್ಚ್, ಶನಿವಾರ, ಮಧ್ಯಾಹ್ನ

ರಂಜಾನ್ ತಿಂಗಳು. ಪಕ್ಕದ ಮನೆಯ ಸೈದಾನಬಿ ಆಪಾ ಪ್ರತಿ ವರ್ಷ ಹಬ್ಬದ ಬಿಸ್ಕೀಟಿಗೆ ಹಿಟ್ಟು ಕಲಸಿ ಬೇಕರಿಯ ಭಟ್ಟಿಗೆ ಒಯ್ಯುತ್ತಾರೆ. ಬ್ರೆಡ್ ತೆಗೆದಾದ ಮೇಲೆ ಮನೆಮನೆಯವರದು ಸುಟ್ಟುಕೊಡುತ್ತಾರೆ. "ನಿಂದೂ ತಗೊಂಡ ಬಾ, ಒಂದ ತಗಡಿಗೆ ಏನ ಜಾಗಾ ಕಮ್ಮಿ ಆಗತೈತಿ," ಅಂದರು. ಹೋದೆ.

ಭಟ್ಟಿಯ ರೆಹಮಾನ ತಗಡು ಕೆಳಗಿಟ್ಟ. "ಅಂಟಬಾರದ್ರಿ ಅಕ್ಕಾರ," ಅಂತ ಒಂದು ಹಿಡಿ ಮೈದಾ ಉದುರಿಸಿ ಅಂಗೈಯಿಂದ ಸವರಿದ. ಕಾಳಜಿಯಿಂದಲೇ.

ಮೈದಾ ಅಂದರೂ ಗೋದಿಯೇ, ತೊಳೆದುಕೊಡು ಅನ್ನಬೇಕಿತ್ತು. ಸುತ್ತ ಹತ್ತು ಮಂದಿ ಹೆಣ್ಣುಮಕ್ಕಳು, ರೋಜಾ ಉಪವಾಸದವರು. ಅವರ ನಡುವೆ ಕುಂಕುಮದವಳು ನಾನೊಬ್ಬಳೇ. ತಗಡು ತೊಳೆಯಿರಿ ಅಂದರೆ ಏನು ತಿಳಿದುಕೊಂಡಾರು? ತಾವು ಮುಟ್ಟಿದ್ದು ನಡೆಯುವುದಿಲ್ಲ ಅಂತಾಳೆ ಅಂದುಕೊಂಡರೆ? ಅದೂ ಆಪಾ ಎದುರಿಗೆ…

ನೋಡುತ್ತ ನಿಂತೆ. ತಗಡು ಒಳಗೆ ಹೋಯಿತು.

ಅದೇ ದಿನ, ಸಂಜೆ

ಎಷ್ಟು ಚೆನ್ನಾಗಿ ಬಂದಿವೆ. ಅದೇ ಸಂಕಟ. ಬೆಣ್ಣೆ, ಸಕ್ಕರೆ ಪುಡಿ ಕಡೆದು ಕ್ರೀಮ್ ಕೂಡ ಹಚ್ಚಿದೆ. ಯಾಕೆ ಹಚ್ಚಿದೆನೋ. ಚಾಕುವಿನಿಂದ ಅಡಿ ಕೆರೆದರೆ ಆದೀತೇ ಅಂತ ಎರಡನ್ನು ಕೆರೆದೂ ನೋಡಿದೆ.

"ಒಂದ ಚಿಟಗಿ ಹಿಟ್ಟಿಗೆ ಏನಾಗತೈತಿ? ಹುಡುಗಿ ಎಷ್ಟೊತ್ತಿನಿಂದ ಕಾಯಕತ್ತೇತಿ, ಕೊಡು," ಅಂದರು ಇವರು.

ಅಮೃತಾ ಬಂದು ಒಂದನ್ನು ಕೈಗೆ ತೆಗೆದುಕೊಂಡಳು. ಮೂಸಿದಳು. "ಇದರಾಗ ಗೋದಿ ಐತೇನ ಚಿಗವ್ವಾ?"

ಇಲ್ಲ ಅನ್ನಬಹುದಿತ್ತು. ಇವರೂ ನನ್ನ ಮುಖವನ್ನೇ ನೋಡುತ್ತಿದ್ದರು.

"ಐತಿ," ಅಂದೆ. "ತಳಕ್ಕ ಹತ್ತೇತಿ. ತಪ್ಪು ನಂದವ್ವಾ."

ಜೋಡಿಸಿಟ್ಟಿದ್ದ ಜಾಗದಲ್ಲೇ ವಾಪಸ್ ಇಟ್ಟಳು. ಬೆರಳಿಗೆ ಕ್ರೀಮ್ ಹತ್ತಿತ್ತು. ನೆಕ್ಕಲಿಲ್ಲ. ಹೋಗಿ ಕೈ ತೊಳೆದುಕೊಂಡಳು.

23 ಮಾರ್ಚ್, ಭಾನುವಾರ

ಬಿಸ್ಕೀಟನ್ನೆಲ್ಲ ಆಪಾ ಮನೆಗೆ ಕೊಟ್ಟೆ. ಯಾಕೆ ಅಂತ ಬಿಡದೆ ಕೇಳಿದರು. ಹೇಳುತ್ತ ಹೇಳುತ್ತ ಅತ್ತುಬಿಟ್ಟೆ. ಆಪಾ ಬೈದರು.

"ಅಲ್ಲಬೇ, ನಿನ್ನೆ ಬಾಯಾಗ ಕಡಬ ಇಟಗೊಂಡಿದ್ದೇನ? ಹತ್ತ ವರ್ಷ ನಿಮ್ಮಕ್ಕನ ಜೋಡಿ ಗ್ವಾಡಿಗೆ ಗ್ವಾಡಿ ಹಚ್ಚಿ ಬದಕೇನಿ. ನಿನ್ನ ತಪ್ಪ ತಿಳಕೊಳ್ಳಾಕ ನಾ ಏನ ಹುಚ್ಚಿಯೇನ?"

ಸಂಜೆ ರೆಹಮಾನ ಬಂದ. ಆಪಾ ಹೇಳಿ ಕಳಿಸಿದ್ದರಂತೆ. ಹೊಸ್ತಿಲ ಆಚೆಯೇ ನಿಂತ. ಒಳಗೆ ಬಾ ಅಂದೆ.

"ಬರಂಗಿಲ್ರಿ ಅಕ್ಕಾರ. ಅಂಗಿ ತುಂಬ ಮೈದಾ ಐತಿ."

ಬಾಗಿಲಲ್ಲಿ ನಿಂತೇ ಎಲ್ಲ ಹೇಳಿಕೊಟ್ಟ. "ತಗಡ ತೊಳದ್ರೂ ನಮ್ಮ ಭಟ್ಟ್ಯಾಗ ಆಗಂಗಿಲ್ರಿ, ಗಾಳ್ಯಾಗೂ ಮೈದಾ ಇರತೈತಿ. ಮನ್ಯಾಗ ಮಾಡ್ರಿ. ದಪ್ಪ ಬೋಗಾಣಿಗೆ ಉಪ್ಪ ಹಾಕಿ ಕಾಸ್ರಿ. ಮ್ಯಾಲ ಒಂದ ಬಟ್ಟಲ ಬೋರಲ ಇಟ್ಟು, ಅದರ ಮ್ಯಾಲ ತಾಟು. ಮುಚ್ಚಳಾ ಹಾಕಿ, ಉರಿ ಸಣ್ಣಗ. ಅವಸರ ಮಾಡಬ್ಯಾಡ್ರಿ. ನಿಮಗ ಅವಸರ ಭಾಳ ಅಂತ ಆಪಾ ಹೇಳ್ಯಾರ."

25 ಮಾರ್ಚ್, ಮಂಗಳವಾರ

ಹೊಸ ತಾಟು. ಆದರೂ ಎರಡು ಸಲ ತೊಳೆದೆ. ಮೊದಲನೆಯ ಸುತ್ತು ತಳ ಕರಕಾಯಿತು. ಎರಡನೆಯದು ಸರಿಬಂತು. ಗುಂಡಗಿಲ್ಲ, ಒಂದರ ಹಾಗೆ ಒಂದಿಲ್ಲ. ಈ ಬಿಸಿಲಿಗೆ ಕ್ರೀಮ್ ಹರಿಯತೊಡಗಿತು. ಆಪಾ ಫ್ರಿಜ್ಜಿನ ಒಂದು ಅಂಕಣ ಖಾಲಿ ಮಾಡಿ, ಒರೆಸಿ ಬಿಟ್ಟುಕೊಟ್ಟರು.

ಸಂಜೆ ಒಂದನ್ನು ಅಮೃತಾಳ ಕೈಗಿಟ್ಟೆ.

"ಇದರಾಗ—"

"ಇಲ್ಲವ್ವಾ." ಅವಳು ಮುಗಿಸುವ ಮೊದಲೇ ಅಂದೆ. ನನ್ನನ್ನೇ ನೋಡಿದಳು, ಬಹಳ ಹೊತ್ತು. ಆಮೇಲೆ ಎರಡೂ ಹೋಳು ಬಿಡಿಸಿ, ಕ್ರೀಮ್ ನೆಕ್ಕಿ, ಒಂದೊಂದೇ ತಿಂದಳು. ಇನ್ನೊಂದು ಕೇಳಲಿಲ್ಲ.

ನೋಯುವುದಾದರೆ ಎರಡು ದಿನದೊಳಗೆ ನೋಯುತ್ತದೆ. ಹಿಂದೆಲ್ಲ ಹಾಗೇ ಆಗಿದೆ.

26 ಮಾರ್ಚ್

ಹೊಟ್ಟೆನೋವು ಇಲ್ಲ. ನಾಲ್ಕು ಸಲ ಕೇಳಿದೆ. "ಬಿಡ ಚಿಗವ್ವಾ, ಕೇಳಿ ಕೇಳೇ ನೋವ ಬರಸ್ತೀ," ಅಂದಳು.

27 ಮಾರ್ಚ್, ಗುರುವಾರ, ಸಂಜೆ 5

ಬೆಳಿಗ್ಗೆ ರೊಟ್ಟಿ ಎರಡು. ಮಧ್ಯಾಹ್ನ ಅನ್ನ, ಮೊಸರು. ಹೊಟ್ಟೆನೋವು ಇಲ್ಲ. ಎರಡು ದಿನ ತುಂಬಿತು. ಆದರೂ ಇನ್ನೊಂದು ದಿನ ನೋಡಬೇಕು… ಸಕ್ಕರೆ ಪುಡಿ ಮಾಡಿದ ಮಿಕ್ಸಿ ತೊಳೆದಿದ್ದೆನಲ್ಲ? ತೊಳೆದಿದ್ದೆ.

ಸಾಲಿಯಿಂದ ಬಂದಳು. ಪಾಟಿಚೀಲ ಎಸೆದ ಸದ್ದು. ಅಡುಗೆಮನೆಗೆ ಹೋದಳು. ಆಪಾ ಫ್ರಿಜ್ಜಿನಿಂದ ಈಗಷ್ಟೇ ತಂದಿಟ್ಟಿದ್ದ ಡಬ್ಬಿಯ ಮುಚ್ಚಳ ತೆಗೆದಳು.

ಇಲ್ಲವ್ವಾ ಅನ್ನಲು ತಯಾರಾಗಿ ಕೂತೆ, ಪೆನ್ನು ಹಿಡಿದುಕೊಂಡು.

ಕೇಳಲಿಲ್ಲ.

ಬಿಸ್ಕೀಟು ಬಿಡಿಸುತ್ತಿದ್ದಾಳೆ. ಕೇಳಲೇ ಇಲ್ಲ.

ಸಂಜೆ, ಓಟ್ಸ್ ಬಿಸ್ಕೀಟು ಒಂದು… ಮತ್ತೆ ಮುಚ್ಚಳದ ಸದ್ದು. ಎರಡು —