ಮೇಲೇರದ ಕೈಲಾಸದ ಪರದೆ

ಬೈಲಹೊಂಗಲ,
ತಾ. ೮ ಫೆಬ್ರುವರಿ ೧೯೧೨

ಪ್ರೀತಿಯ ಗುರುಬಸವ್ವಾ,

ಹೇಗಿದ್ದೀ? ಅತ್ತೆಯವರ ಕೆಮ್ಮು ಕಡಿಮೆಯಾಯಿತೇ? ನಾನು ಉಂಡುಟ್ಟು ಸುಖವಾಗಿದ್ದೇನೆ ಎಂದು ಬರೆಯಬೇಕು; ಆದರೆ ನಾಟಕ ಕಂಪನಿಯ ಅಡಿಗೆಯವನ ಸಾರು ನಾನು ಕುಂಚ ತೊಳೆದ ನೀರಿಗಿಂತ ತೆಳ್ಳಗೆ. ಸವದತ್ತಿಯಲ್ಲಿ ನೀನು ಬಾಗಿಲಲ್ಲಿ ನಿಂತು, "ಹಗಲೆಲ್ಲಾ ಪರದಿ ನೋಡ್ತೀರಿ, ನನ್ನ ಮಾರಿ ಎಂದಾರ ನೋಡೀರೇನು?" ಎಂದು ಕೇಳಿ ತವರೂರು ಸಂಪಗಾಂವದ ಗಾಡಿ ಹತ್ತಿದೆ. ಅದಕ್ಕೆ ಇಲ್ಲಿದೆ ಉತ್ತರ. ನೀನೇ ಓದು, ಮಾವನವರ ಕೈಗೆ ಕೊಡಬೇಡ.

ಇಲ್ಲಿಗೆ ಬಂದ ಮೇಲೆ ನಾಟಕಕ್ಕೆ ಹೊಸದೊಂದು ಕೈಲಾಸದ ಪರದೆ ಬರೆದೆ. ನಡುವೆ ಆಳೆತ್ತರದ ಪಾರ್ವತಿ. ಮೊದಲ ಆಟದಲ್ಲಿ ಅದು ಇಳಿದದ್ದೇ ತಡ, ಮುಂದೆ ಕುಳಿತಿದ್ದ ಮುದುಕಿ ಕೆಂಚವ್ವ ಎದ್ದು ಬಂದು ಸಂಚಿಯಿಂದ ಕುಂಕುಮ ತೆಗೆದು ಹಚ್ಚಿಯೇಬಿಟ್ಟಳು. ಅವಳ ಹಿಂದೆ ಊರೇ ಸಾಲುಗಟ್ಟಿತು. ಮುಂದಿನ ದೃಶ್ಯ ರಾಕ್ಷಸನ ಆಸ್ಥಾನ, ಪರದೆ ಸುತ್ತಿ ಮೇಲೇರಿಸಲು ಹಗ್ಗ ಎಳೆದರೆ, "ಪೂಜಿ ಆದ ತಾಯೀನ ಚಾಪಿ ಸುತ್ತಿದಂಗ ಸುತ್ತತೀರೇನ್ರಿ? ಬಿಡ್ರಿ ಹಗ್ಗ!" ಎಂದು ಕೆಂಚವ್ವ ಗುಡುಗಿದಳು. ಕೊನೆಗೆ ಕೈಲಾಸದಲ್ಲೇ ಆಸ್ಥಾನ ನಡೆಯಿತು. ರಾಕ್ಷಸನ ಪಾತ್ರದ ಭರಮಪ್ಪ ಮೊದಲು ತಾಯಿಗೆ ಕೈಮುಗಿದು, ಆಮೇಲೆ ತಿರುಗಿ ನಿಂತು ದೇವತೆಗಳನ್ನು ಬೈದ. ಉದ್ಯಾನದ ದೃಶ್ಯದಲ್ಲಿ ರಾಜಕುಮಾರ ನಾಚಿಕೊಂಡು ಸಖಿಯಿಂದ ಮಾರುದೂರ ನಿಂತೇ ಹಾಡಿದ. ಈಗ ಜನ ಆಟಕ್ಕೆ ಕಾಯಿ, ಖಣ ಹಿಡಿದೇ ಬರುತ್ತಿದ್ದಾರೆ.

ಮಾಲಕ ರಾಮಲಿಂಗಪ್ಪನವರು ಕೆಂಡವಾಗಿದ್ದಾರೆ. "ಸೋಮವಾರದೊಳಗ ಆಕಿ ಮ್ಯಾಲ ಒಂದ ಗುಡ್ಡಾ ಬರಿ, ಇಲ್ಲಾಂದ್ರ ಗಂಟುಮೂಟಿ ಕಟ್ಟು!" ಕುಂಚ ಹಿಡಿದು ಏಣಿ ಹತ್ತಿದೆ, ಹಾಗೆಯೇ ಇಳಿದೆ. ಅದು ನಿನ್ನ ಮುಖ ಕಣೇ. ಹುಬ್ಬಿನ ಮೇಲಿನ ಆ ಮಚ್ಚೆ, ಸಿಟ್ಟು ಬಂದಾಗ ಅರಳುವ ಆ ಮೂಗು, ಎಲ್ಲ ನಿನ್ನವೇ. ನೋಡದವನಿಗೆ ಇಷ್ಟು ಬರೆಯಲು ಬರುತ್ತದೆಯೇ? ಅದರ ಮೇಲೆ ಗುಡ್ಡ ಬರೆಯಲು ನನಗೆ ಕೈ ಬರಲಿಲ್ಲ.

ಉಳಿದದ್ದು ಒಂದೇ ದಾರಿ. ಸೋಮವಾರ ನೀನು ಬಂದು ಮುಂದಿನ ಸಾಲಿನಲ್ಲಿ ಚುರುಮುರಿ ತಿನ್ನುತ್ತ ಕುಳಿತುಬಿಡು. ಇವಳು ದೇವಿಯಲ್ಲ, ಪರದೆ ಬರೆಯುವವನ ಹೆಂಡತಿ ಎಂದು ಜನರೇ ತಿಳಿದುಕೊಳ್ಳುತ್ತಾರೆ. ಪರದೆಯೂ ಏಳುತ್ತದೆ, ನನ್ನ ಅನ್ನವೂ ಉಳಿಯುತ್ತದೆ. ಅನ್ನದ ಮಾತು ಬರೀ ನೆಪ. ನೀನಿಲ್ಲದೆ ನನಗೆ ಬಹಳ ಬೇಸರವಾಗಿದೆ.

ಅತ್ತೆಯವರಿಗೆ ನಮಸ್ಕಾರ. ನಿನ್ನ ಸಿಟ್ಟಿಗೂ ಒಂದು ನಮಸ್ಕಾರ.

ಇಂತು ನಿನ್ನ
ನಿಜಗುಣಪ್ಪ

ತಾ.ಕ.: ಮಾವನವರು ಈಗಷ್ಟೇ ಇಲ್ಲಿಯ ಪೇಟೆಯಲ್ಲಿ ಸಿಕ್ಕಿದ್ದರು. ಪರದೆಯ ದೇವಿ ಭಾರಿ ಜಾಗೃತಳೆಂದು ಕೇಳಿ, ಸೋಮವಾರ ಬಂದು ಉದ್ದಕ್ಕೆ ಅಡ್ಡಬೀಳುತ್ತಾರಂತೆ. "ಮಗಳು ಸಿಟ್ಟ ಬಿಟ್ಟು ಗಂಡನ ಮನಿಗೆ ಹೋಗ್ಲಿ ಅಂತ ಬೇಡ್ಕೋತೇನಿ" ಅಂದರು. ನಿಮ್ಮಪ್ಪ ನಿನ್ನ ಕಾಲಿಗೆ ಬೀಳುವ ಮೊದಲೇ ಆ ವರ ಕೊಟ್ಟುಬಿಡು.