ಅಕ್ರೋಟು ಮರದ ಜಾಮೀನು

ಇಸ್ಫಂದ್ ತಿಂಗಳ ಕೊನೆಯ ಮಂಗಳವಾರ, ರಾತ್ರಿ

ಇವತ್ತು ನಾನು ಬಾಯಿ ಬಿಡಲಿಲ್ಲ. ಅದೇ ಕೊರೆಯುತ್ತಿದೆ.

ನಮ್ಮೂರ ಪದ್ಧತಿಯಂತೆ, ಪ್ರತಿಸಲ ಹೊಸ ವರ್ಷದ ಮುಂಚಿನ ಈ ಮಂಗಳವಾರ, ಕಾಯಿ ಬಿಡದ ಮರವನ್ನು ಕೊಡಲಿ ಹಿಡಿದು ಹೆದರಿಸುವವರು ನಮ್ಮ ಯಜಮಾನರು; ಕಡಿಯಬೇಡಿ ಎಂದು ಅಡ್ಡ ಬಂದು ಅದಕ್ಕೆ ಜಾಮೀನು ನಿಲ್ಲುತ್ತಿದ್ದವಳು ಮಗಳು ಗುಲಂದಾಮ್. ಈ ಚಳಿಗಾಲದಲ್ಲಿ ಅವಳನ್ನು ಮಣ್ಣು ಮಾಡಿದೆವು.

ಕಾಡಿನ ಶಮ್ಶಾದ್ ಮರಗಳನ್ನೆಲ್ಲ ಹುಳು ತಿಂದು ಬೋಳು ಮಾಡಿದ ವರ್ಷ, "ಕಾಡಿಂದು ಒಂದಾದ್ರೂ ನಮ್ಮನೇಲಿ ಉಳೀಲಿ ಅಮ್ಮಾ" ಎಂದು ಈ ಅಕ್ರೋಟಿನ ಸಸಿ ತಂದವಳು ಅವಳೇ. ಅದಿನ್ನೂ ಒಂದು ಕಾಯಿ ಬಿಟ್ಟಿಲ್ಲ.

ಸಂಜೆ ಇವರು ಮರದೆದುರು ನಿಂತು, "ಬರೀ ನೆರಳು ಕೊಟ್ರೆ ಸಾಕೇನೋ? ಇವತ್ತು ಕಡಿದೇ ಬಿಡ್ತೀನಿ" ಎಂದು ಕೊಡಲಿ ಎತ್ತಿದರು.

ಬೇಲಿಯಾಚೆಯಿಂದ ಪಕ್ಕದ ಮನೆಯ ಕಿಶ್ವರ್ ಪಿಸುಗುಟ್ಟಿದಳು: "ಹೇಳೇ, ನೀನಾದ್ರೂ ಹೇಳೇ. ಪಾಪ, ಎಷ್ಟೊತ್ತು ಅಂತ ಕೊಡಲಿ ಎತ್ಕೊಂಡು ನಿಂತಿರ್ತಾರೆ?"

ನಾನು ಹೇಳಲಿಲ್ಲ. ಮಗಳು ಜ್ವರದಲ್ಲಿ ಬೇಯುತ್ತಿದ್ದಾಗ ಕಾಡಿನ ದರ್ಗಾದ ಆಜಾದ್ ಮರಕ್ಕೆ ನನ್ನ ತಲೆವಸ್ತ್ರವನ್ನೇ ಹರಿದು ಕಟ್ಟಿ ಬೇಡಿಕೊಂಡಿದ್ದೆ. ಆ ಮರಕ್ಕೆ ಕೊಡಲಿ ಹಾಕಿದರೆ ರಕ್ತ ಬರುತ್ತದಂತೆ, ಅಜ್ಜಿಯರ ಮಾತು. ರಕ್ತವಿದ್ದ ಮೇಲೆ ಕರುಳೂ ಇರಬೇಕಿತ್ತಲ್ಲ! ನನ್ನ ಮಗಳಿಗೆ ಯಾವ ಮರ ಜಾಮೀನು ನಿಂತಿತು?

ಇವರು ಕೊಡಲಿಯನ್ನು ಇನ್ನೂ ಮೇಲಕ್ಕೆತ್ತಿದರು. ನಿಜಕ್ಕೂ ಕಡಿದುಬಿಡುತ್ತಾರೆ ಅಂದುಕೊಂಡೆ; ಕಡಿಯಲಿ ಅಂತಲೂ ಅನ್ನಿಸಿತು.

ಕೊಡಲಿಯನ್ನು ನೆಲಕ್ಕಿಟ್ಟರು. ಸುತ್ತಿ ಹೋಗಿ, ಗುಲಂದಾಮ್ ನಿಲ್ಲುತ್ತಿದ್ದ ಕಡೆ ನಿಂತು, ಮರವನ್ನು ತಬ್ಬಿಕೊಂಡರು. ಆಮೇಲೆ, ತಾವು ಅಷ್ಟುಹೊತ್ತು ನಿಂತಿದ್ದ ಖಾಲಿ ಜಾಗವನ್ನು ನೋಡುತ್ತ ಅವಳ ಮಾತನ್ನೇ ಹೇಳಿದರು:

"ಬೇಡ ಅಪ್ಪಾ. ಇದೊಂದ್ಸಲ ಬಿಟ್ಬಿಡು. ಮುಂದಿನ ವರ್ಷ ಕಾಯಿ ಬಿಡುತ್ತೆ, ನಾನಿದ್ದೀನಲ್ಲ."